ಬಸ್ಸಿನ ಗಾಜಿನಡಿಯ ಸನಾದಿ

ಎರಡನೇ ಮಹಾಯುದ್ಧ ಮುಗಿದ ಮರುವರ್ಷದ ಬೇಸಿಗೆ. ರಾಯಚೂರು ಸ್ಟೇಷನ್ ರಸ್ತೆಯ ನನ್ನ ಅಂಗಡಿಗೆ ಒಬ್ಬ ಹೆಂಗಸು ಬಂದು, ಲಗ್ನಕ್ಕೆ ಹಾಡಿನ ಮಶೀನು ಬೇಕು ಎಂದಳು. ಮಶೀನು ಗೊತ್ತುಮಾಡಲು ಬರುತ್ತಿದ್ದವರೆಲ್ಲ ಗಂಡಸರು. ಹೆಣ್ಣಿನ ಅಪ್ಪನೋ, ಸೋದರಮಾವನೋ, ರುಮಾಲು ಸರಿಮಾಡಿಕೊಳ್ಳುತ್ತ ಬಂದು ಬಾಕಿನ ಮೇಲೆ ಕೂಡುತ್ತಿದ್ದರು. ಈಕೆ ಕೂಡಲಿಲ್ಲ. ಅಂಗಡಿಯಲ್ಲಿದ್ದ ಭೋಂಗಾದ, ಅಂದರೆ ಲೌಡ್‌ಸ್ಪೀಕರಿನ ತುತ್ತೂರಿಯ ಒಳಗೆ ಇಣುಕಿ ನೋಡಿ, ಬೆರಳಿನಿಂದ ಟಣ್ಣೆಂದು ಬಾರಿಸಿ ನೋಡಿದಳು.

"ಯಾರ ಲಗ್ನಾ ಅಕ್ಕಾರ?" ಎಂದೆ.

"ನಂದು. ಯಾಕ, ಆಗಬಾರದೇನು?"

ಆಗ ಗುರುತು ಹತ್ತಿತು. ಮಾನ್ವಿಯ ಬಸ್ ನಿಲ್ದಾಣದ ಎದುರಿಗೆ ಖಾನಾವಳಿ ಇಟ್ಟಿದ್ದವಳು. ರಾಯಚೂರಿನಲ್ಲಿ ಅವಳನ್ನು ಕಂಡವರು ಕಡಿಮೆ, ಅವಳ ಸುದ್ದಿ ಆಡದವರು ಇನ್ನೂ ಕಡಿಮೆ. ಹಿಂದೊಮ್ಮೆ ಮಾನ್ವಿಯಲ್ಲಿ ನಾಟಕ ಕಂಪನಿ ಬೀಡುಬಿಟ್ಟಾಗ ಅದರಲ್ಲಿ ಹಾಡುತ್ತಿದ್ದ ಹುಡುಗನಿಗೂ ಈಕೆಗೂ ಲಗ್ನವಾಗಿತ್ತು. ಆಮೇಲೆ ಅವನು ಮುಂಬಯಿ ಸೇರಿದ, ಟಾಕಿಗಳಲ್ಲಿ ಹಾಡಿದ, ನೋಡನೋಡುತ್ತಲೇ ದೊಡ್ಡ ಮನುಷ್ಯನಾದ. ಅವನ ಚಿತ್ರ ಬಂದರೆ ನಮ್ಮ ರಾಯಚೂರಿನ ಥಿಯೇಟರಿನ ಮುಂದೆ ಪೊಲೀಸರು ಲಾಠಿ ಹಿಡಿದು ನಿಲ್ಲಬೇಕಾಗುತ್ತಿತ್ತು. ಅಲ್ಲಿ ಇನ್ನೊಂದು ಸಂಸಾರ ಹೂಡಿಕೊಂಡ ಮೇಲೆ ಒಂದು ದಿನ ಮೋಟಾರಿನಲ್ಲಿ ಬಂದು, ದೈವದವರನ್ನು, ಅಂದರೆ ಕುಲದ ಹಿರಿಯರನ್ನು ಕೂಡಿಸಿ, ಬಿಡುಗಡೆ ಮಾಡಿಕೊಂಡು ಹೋದ. ಈಕೆ ತಾಳಿ ಬಿಚ್ಚಿಕೊಟ್ಟು, ಮರುದಿನ ಖಾನಾವಳಿಯ ಒಲೆ ಹೊತ್ತಿಸಿದಳಂತೆ. ಅಷ್ಟಾದರೂ ಜನರ ಬಾಯಲ್ಲಿ ಆಕೆ 'ಅವನ ಹೆಂಡತಿ'ಯಾಗಿಯೇ ಉಳಿದಿದ್ದಳು.

"ಹಾಡು ಬೇಕು ಅಣ್ಣಾ. ಹೊತ್ತು ಏರಿದ ಮ್ಯಾಲ, ಹಂದರದಾಗ, ಊರ ಮಂದಿ ಮುಂದ ಹಚ್ಚಬೇಕು. ಆದ್ರ ಅವಂದು ಒಂದೂ ಹಾಡು ಬ್ಯಾಡ."

ನನಗೆ ನಗು ತಡೆಯಲಾಗಲಿಲ್ಲ. ಆಕೆ ಹುಬ್ಬು ಗಂಟಿಕ್ಕಿದಳು. ಟ್ರಂಕಿನ ಮುಚ್ಚಳ ತೆಗೆದು ತೋರಿಸಿದೆ.

ಗ್ರಾಮಾಫೋನಿನ ತಟ್ಟೆಗಳಿಗೆ ನಾವು ಪ್ಲೇಟು ಎನ್ನುತ್ತಿದ್ದೆವು. ಯುದ್ಧದ ಕಾಲದಲ್ಲಿ ಅವುಗಳ ಅರಗಿಗೆ ಬರ ಬಂದು, ಹಳೆಯ ಪ್ಲೇಟು ಕೊಟ್ಟವರಿಗೆ ಮಾತ್ರ ಅಂಗಡಿಯವರು ಹೊಸದು ಕೊಡುತ್ತಿದ್ದರು. ನನ್ನ ಗಿರಾಕಿಗಳಿಗೆಲ್ಲ ಬೇಕಾದದ್ದು ಅವನೊಬ್ಬನೇ. ಹೀಗಾಗಿ ನಾನು ಭಜನೆ ಕೊಟ್ಟು ಅವನನ್ನು ತಂದೆ, ವೀಣೆ ಕೊಟ್ಟು ಅವನನ್ನು ತಂದೆ, ಹಾಸ್ಯ ಸಂಭಾಷಣೆ ಕೊಟ್ಟು ಅವನನ್ನೇ ತಂದೆ. ಟ್ರಂಕಿನ ತುಂಬ ಅವನೇ ಮನೆ ಮಾಡಿಕೊಂಡಿದ್ದ. ಆಕೆ ಕೂಡ ಬಗ್ಗಿ ನೋಡಿ ನಕ್ಕಳು. ಆ ನಗು ಕೇಳಿದ ಮೇಲೆ ಆಗುವುದಿಲ್ಲ ಎನ್ನಲು ನನಗೆ ಬಾಯಿ ಬರಲಿಲ್ಲ.

"ನೋಡ್ರಿ," ಎಂದಳು. "ಹೆಣ್ಣಿನ ಎರಡನೇ ಲಗ್ನ, ಉಡಿಕಿ ಅಂದ್ರ ಹೆಂಗ ಮಾಡ್ತಾರ ನಿಮಗ ಗೊತ್ತದ. ಹೊತ್ತು ಮುಳುಗಿದ ಮ್ಯಾಲ ಒಳಗಿನ ಖೋಲಿಯಾಗ ಸೀರಿ ಉಡಿಸಿ, ತಾಳಿ ಕಟ್ಟಿಸಿ, ಕಳ್ಳರಂಗ ಮುಗಸ್ತಾರ. ವಾಲಗಾ ಇಲ್ಲ, ಹಾಡಿಲ್ಲ. ಮೊದಲ್ನೇ ಲಗ್ನದಾಗ ವಾಲಗಾ ಊದಿದ್ರು. ನಂಗ ಒಂದೂ ಕೇಳಿಸಲಿಲ್ಲ, ತಲಿ ತಗ್ಗಿಸಿಕೊಂಡು ಅಳಾಕತ್ತಿದ್ದೆ. ಈ ಸಲ ತಲಿ ಎತ್ತಿ ಕೇಳಬೇಕಂತೀನಿ."

ವರ ಯಾರೆಂದು ಕೇಳಿದೆ. ರಾಯಚೂರಿನಿಂದ ಒಂದು ದಿನ ಮಾನ್ವಿಗೂ ಒಂದು ದಿನ ದೇವದುರ್ಗಕ್ಕೂ ಹೋಗುವ ಇದ್ದಿಲ ಬಸ್ಸಿನ ಡ್ರೈವರ್. ಹೆಂಡತಿ ತೀರಿಕೊಂಡವನು, ದೇವದುರ್ಗದವನು. ಪೆಟ್ರೋಲು ಸಿಗದ ಆ ಕಾಲದಲ್ಲಿ ಬಸ್ಸಿನ ಹಿಂಭಾಗಕ್ಕೆ ಕಬ್ಬಿಣದ ಒಲೆ ಕಟ್ಟಿ, ಇದ್ದಿಲು ಉರಿಸಿ, ಆ ಗ್ಯಾಸಿನಿಂದ ಗಾಡಿ ಓಡಿಸುತ್ತಿದ್ದರು. ಮಸಿ ಹತ್ತದ ಡ್ರೈವರನನ್ನು ನಾನು ಕಂಡಿಲ್ಲ. ಇವನು ಎಲ್ಲರಿಗಿಂತ ಕಪ್ಪಗಿದ್ದ, ಎಲ್ಲರಿಗಿಂತ ಕಡಿಮೆ ಮಾತಾಡುತ್ತಿದ್ದ.

ಮರುವಾರ ಬಾಗಲವಾಡದಲ್ಲಿ ಒಂದು ಸಮಾರಂಭಕ್ಕೆ ಮಶೀನು ಹಚ್ಚಿ ವಾಪಸು ಬರುತ್ತ, ಮಾನ್ವಿಯಲ್ಲಿಳಿದು ಆಕೆಯ ಖಾನಾವಳಿಗೆ ಊಟಕ್ಕೆ ಹೋದೆ. ಊಟಕ್ಕೆ ಕೂತವರಲ್ಲಿ ಅರ್ಧ ಜನ ಹಸಿವಿಗೆ ಬಂದವರು, ಅರ್ಧ ಜನ ಆಕೆಯನ್ನು ನೋಡಲು ಬಂದವರು. ನನ್ನ ಪಕ್ಕದವನು ಎರಡು ತುತ್ತು ಉಂಡು ಮೆಲ್ಲಗೆ ಕೇಳಿದ, "ಯವ್ವಾ, ಅವರು ನಿದ್ದಿಯಾಗೂ ಹಾಡ್ತಿದ್ರೇನು?"

"ನಿದ್ದಿಯಾಗ ಗೊರಕಿ ಹೊಡೀತಿದ್ದ. ಇನ್ನೊಂದು ರೊಟ್ಟಿ ಹಾಕ್ಲೇನು?"

ಆತ ಬೆಪ್ಪಾಗಿ ತಲೆಯಾಡಿಸಿದ. ರೊಟ್ಟಿ ಬಿತ್ತು. ಇದು ದಿನದ ಮಾತು ಎಂದು ಆಮೇಲೆ ಹೇಳಿದಳು. ಒಂದು ಸಲ ಟೂರಿಂಗ್ ಟಾಕೀಸಿನ ಮ್ಯಾನೇಜರ್ ಬಂದು, ಜಾಹೀರಾತಿನ ಚಕ್ಕಡಿಯಲ್ಲಿ ಕುರ್ಚಿ ಹಾಕಿ ಕೂಡಿಸುತ್ತೇನೆ, ಸುಮ್ಮನೆ ಕೈಮುಗಿದು ಕೂತರೆ ಸಾಕು ಎಂದಿದ್ದನಂತೆ. ಆಕೆ ಲಟ್ಟಣಿಗೆ ಹಿಡಿದು ಬಾಗಿಲತನಕ ಕಳಿಸಿಕೊಟ್ಟಿದ್ದಳು.

ಊಟದ ಗದ್ದಲ ಇಳಿದ ಮೇಲೆ ಬಾಗಿಲು ಮುಂದೆ ಮಾಡಿ, ನೆರೆಯ ಹೆಂಗಸರನ್ನು ಕಟ್ಟಿಕೊಂಡು ಚೌಕಾಬಾರಾ ಆಡುವುದು ಆಕೆಯ ಖುಷಿ. ಹುಣಸೆಬೀಜ ಹಾಕುವಾಗ ಆಕೆ ಕೂಗುವ ಕೂಗು ಬಸ್ ನಿಲ್ದಾಣದವರಿಗೂ ಕೇಳುತ್ತಿತ್ತು. ನಾನಿದ್ದಾಗಲೇ ಎರಡು ಸಲ ಕಾಯಿ ಕದ್ದಳು. ಸಿಕ್ಕಿಬಿದ್ದಾಗ ತನ್ನ ಮೇಲೆ ಆಣೆ ಹಾಕಿಕೊಂಡು ಜಗಳಕ್ಕೇ ನಿಂತಳು. ಅವನ ಸಿನಿಮಾ ನೋಡಿ ಆಕೆಯನ್ನು ಹುಡುಕಿಕೊಂಡು ಬಂದವರು ಯಾರೂ ಈ ಆಟ ನೋಡುವುದಿಲ್ಲವಲ್ಲ ಎನ್ನಿಸಿತು.

"ಡ್ರೈವರನ್ನ ಹೆಂಗ ಒಪ್ಪಿದ್ರಿ?" ಎಂದೆ.

"ಎಷ್ಟು ದಿನದಿಂದ ನನ್ನ ಕೈಯಾಗ ಉಣ್ಣಾಕತ್ತಾನ. ಒಂದು ದಿನಾನೂ ಆ ಹಾಡಾವನ ಸುದ್ದಿ ಎತ್ತಿಲ್ಲ. ಪುಂಡಿಪಲ್ಯಾಕ ಉಪ್ಪು ಹೆಚ್ಚು ಬಿದ್ರ ಹೆಚ್ಚು ಅಂತಾನ, ಕಡಿಮಿ ಬಿದ್ರ ಕಡಿಮಿ ಅಂತಾನ. ಅಷ್ಟ ಮಾತು."

ಯಾವ ಊರಿನ ಕೆಲಸವಾದರೂ ಮೊದಲೇ ಹೋಗಿ ಜಾಗ ನೋಡಿಬರುವುದು ನನ್ನ ಪದ್ಧತಿ. ಭೋಂಗಾ ಎಲ್ಲಿ ಕಟ್ಟಬೇಕು, ಗಾಳಿ ಯಾವ ಕಡೆಯಿಂದ ಬೀಸುತ್ತದೆ, ಬ್ಯಾಟರಿಗೆ ನೆರಳು ಎಲ್ಲಿದೆ, ಇದೆಲ್ಲ ಕಣ್ಣಾರೆ ನೋಡಬೇಕು. ಡ್ರೈವರನ ಬಸ್ಸಿನಲ್ಲೇ ದೇವದುರ್ಗಕ್ಕೆ ಹೋದೆ. ಅಂಗಳದಲ್ಲಿ ಒಳ್ಳೆಯ ಬೇವಿನ ಮರವಿತ್ತು. ಮರದ ಕೆಳಗೆ ಅವನ ದೊಡ್ಡಪ್ಪ ಕೂತಿದ್ದ. ದೈವದ ಹಿರಿಯ, ತಾನು ಒಪ್ಪಿದರೆ ಊರೇ ಒಪ್ಪಿದ ಹಾಗೆ ಎನ್ನುವಂಥ ಮನುಷ್ಯ. ಮದುಮಗಳು ಆಗಲೇ ಈತನ ಹತ್ತಿರ ವಾದ ಹೂಡಿ ಹೋಗಿದ್ದಳು.

"ಉಡಿಕಿಗೆ ಡೊಳ್ಳು, ಹಲಗಿ, ಸನಾದಿ ಬ್ಯಾಡ ಅಂತ ಹಿರೇರು ಹೇಳ್ಯಾರ, ಮಶೀನ್ ಬ್ಯಾಡ ಅಂತ ಹೇಳಿಲ್ಲ ಅಂತಾಳ ಆಕಿ," ಎಂದ ದೊಡ್ಡಪ್ಪ. "ಹಿರೇರ ಕಾಲಕ್ಕ ಮಶೀನ್ ಎಲ್ಲಿತ್ತೋ ಮಾರಾಯಾ? ನಾಕು ದಿನ ವಿಚಾರ ಮಾಡೀನಿ. ಆಕಿ ಮಾತಿಗೆ ನನ್ನ ಹತ್ರ ಜವಾಬಿಲ್ಲ."

"ಹಂಗಾದ್ರ ಹೂಂ ಅಂದಂಗ ಆತಲ್ಲ ಯಪ್ಪಾ?"

"ತಡಿ. ಉಡಿಕಿಗೆ ಬರಾಕಿ ಮೊದಲ ಗಂಡನ ಮನಿದು ಒಂದು ಎಳಿ ದಾರ ಸುದ್ದಾ ತರಂಗಿಲ್ಲ. ಸೀರಿ ಬ್ಯಾಡ, ಬಳಿ ಬ್ಯಾಡ. ದಾರನ ಬ್ಯಾಡಂದ ಮ್ಯಾಲ ದನಿ ಬರಬಹುದೇನು? ತಾಳಿ ಕಟ್ಟೋದರೊಳಗ ಅವನ ಒಂದು ಸೊಲ್ಲು ಕೇಳಿಸ್ತಂದ್ರ ಭೋಂಗಾ ಇಳಸ್ತೀನಿ, ಹೊತ್ತು ಮುಳುಗಿದ ಮ್ಯಾಲ ಒಳಗಿನ ಖೋಲಿಯಾಗ ಮುಗಸ್ತೀನಿ. ಬ್ಯಾರೆ ಹಾಡು ಇಲ್ಲಂದ್ರೂ ಅಷ್ಟ."

ಆಕೆ ಕೇಳಿದ್ದೂ ಅದೇ, ಈತ ಹೇಳಿದ್ದೂ ಅದೇ. ಕೆಲಸ ಸುಲಭವಾಯಿತು ಎಂದುಕೊಂಡೆ. ಆದರೆ ಲೌಡ್‌ಸ್ಪೀಕರಿಗೆ ಪೊಲೀಸ್ ಠಾಣೆಯ ಇಜಾಜತ್, ಅಂದರೆ ಪರವಾನಗಿ ಬೇಕಿತ್ತು. ಠಾಣೆಯ ಮುಖ್ಯಸ್ಥರಾದ ಅಮೀನ ಸಾಹೇಬರು ಹೊಸದಾಗಿ ವರ್ಗವಾಗಿ ಬಂದವರು. ನನ್ನ ಮಾತು ಕೇಳಿ ಬಹಳ ಸಂತೋಷಪಟ್ಟರು.

"ಇಜಾಜತ್ ಅದ, ಬಿಲ್ಕುಲ್ ಅದ! ನಾನೂ ಬರ್ತೀನಿ. ಒಂದಽ ಶರ್ತು ಭಾಯಿ," ಎಂದು ಆ ನಟನ ಹೆಸರು ಹೇಳಿ, ಎದೆಯ ಮೇಲೆ ಕೈಯಿಟ್ಟುಕೊಂಡರು. "ಅವನ ಗಾನಾ ಕೇಳಿಸಬೇಕು. ಈ ಊರಾಗ ಬಂದಮ್ಯಾಲ ಕಿವಿ ಒಣಗಿ ಹೋಗ್ಯಾವ."

ಮದುಮಗಳು ಯಾರೆಂದು ಅವರಿಗೆ ಗೊತ್ತಿರಲಿಲ್ಲ. ಹೇಳುವ ಧೈರ್ಯ ನನಗಿರಲಿಲ್ಲ. ಸಲಾಮು ಮಾಡಿ ಬಂದೆ.

ಅವನ ದನಿಯಿಲ್ಲದ ಪ್ಲೇಟು ಹುಡುಕಲು ಇಡೀ ರಾಯಚೂರು ಸುತ್ತಿದೆ. ಯಾರ ಮನೆಯ ಅಟ್ಟದಲ್ಲೋ ಭಜನೆ, ಯಾರದೋ ಪೆಟ್ಟಿಗೆಯಲ್ಲಿ ಸಾರಂಗಿ, ಹೀಗೆ ಐದು ಸಿಕ್ಕವು. ಅವುಗಳಲ್ಲೊಂದು ಸನಾದಿಯದು, ಎರಡೂ ಬದಿಗೆ ಮದುವೆಯ ಮಂಗಳಕರ ವಾದನ. ಅದನ್ನು ಹಚ್ಚಿ ಕೇಳಿದಾಗ ನನಗೇ ಮತ್ತೊಮ್ಮೆ ಮದುವೆಯಾಗುವ ಆಸೆ ಬಂತು. ಹೆಂಡತಿ ಒಳಗಿನಿಂದ ನೋಡಿದ ನೋಟಕ್ಕೆ ಅದು ಅಲ್ಲೇ ಇಳಿಯಿತು.

ಎಲ್ಲಿಯಾದರೂ ಅವನ ಪ್ಲೇಟುಗಳ ನಡುವೆ ಇವು ಬೆರೆತುಹೋದಾವು ಎಂದು ಈ ಐದನ್ನು ಬೇರೆ ಮಾಡಿ, ದಪ್ಪ ಕಂಬಳಿಯಲ್ಲಿ ಸುತ್ತಿದೆ. ಅವನ ಟ್ರಂಕನ್ನು ಅಂಗಡಿಯಲ್ಲೇ ಬಿಡಬೇಕೆಂದಿದ್ದೆ, ಆದರೆ ಅಮೀನ ಸಾಹೇಬರು ಎದೆಯ ಮೇಲಿಟ್ಟುಕೊಂಡ ಕೈ ನೆನಪಾಗಿ ಅದನ್ನೂ ಬಸ್ಸಿಗೆ ಏರಿಸಿದೆ. ಟ್ರಂಕು ಮುಂದಿನ ಸೀಟಿನ ಕೆಳಗೆ ಹೋಯಿತು. ಕಂಬಳಿಯ ಗಂಟನ್ನು ಜನರ ಕಾಲು ತಾಗದ ಹಾಗೆ, ಎಲ್ಲಕ್ಕಿಂತ ಹಿಂದೆ, ತಗಡಿನ ಗೋಡೆಗೆ ಒರಗಿಸಿ ಭದ್ರವಾಗಿಟ್ಟೆ. ಗೋಡೆಯ ಆಚೆ ಬದಿಗೆ ಇದ್ದಿಲ ಒಲೆ ಇತ್ತು. ನನ್ನ ತಲೆಗೆ ಅದು ಹೊಳೆಯಲಿಲ್ಲ.

ಲಗ್ನದ ಹಿಂದಿನ ದಿನ ಬೀಗರನ್ನೆಲ್ಲ ತುಂಬಿಕೊಂಡು ಬಸ್ಸು ಹೊರಟಿತು. ಮದುಮಗಳು ಹೆಂಗಸರ ನಡುವೆ ಕೂತು ಹಾದಿಯುದ್ದಕ್ಕೂ ನಗಿಸುತ್ತಿದ್ದಳು. ಗಬ್ಬೂರಿನಲ್ಲಿ ಗಾಡಿ ನಿಲ್ಲಿಸಿ, ಡ್ರೈವರ್ ಒಲೆಗೆ ಮತ್ತೆ ಇದ್ದಿಲು ಸುರಿದು, ಗಾಳಿ ಊದಿ, ಉರಿ ಕೆಂಪಗೆ ಮಾಡಿದ. ನಾವೆಲ್ಲ ನೀರು ಕುಡಿದೆವು. ಆಂಪ್ಲಿಫೈಯರಿನ ವಾಲ್ವುಗಳು ಅಲುಗಿಲ್ಲವೆಂದು ನೋಡಿ ನಾನು ನೆಮ್ಮದಿಯಿಂದ ಬೀಡಿ ಹಚ್ಚಿದೆ. ಕಂಬಳಿಯನ್ನು ಮುಟ್ಟಿ ನೋಡಲಿಲ್ಲ.

ದೇವದುರ್ಗದಲ್ಲಿ ಬೇವಿನ ಕೆಳಗೆ ಸಾಮಾನು ಇಳಿಸಿ ಕಂಬಳಿ ಬಿಚ್ಚಿದೆ. ಐದೂ ಪ್ಲೇಟುಗಳು ಹಂಚಿನ ಮೇಲಿನ ರೊಟ್ಟಿಯಂತೆ ಉಬ್ಬಿ, ಅಂಚು ಮೇಲೆದ್ದು ಕೂತಿದ್ದವು. ಟ್ರಂಕಿನಲ್ಲಿದ್ದ ಅವನ ಪ್ಲೇಟುಗಳು ಒಂದಕ್ಕೂ ಏನೂ ಆಗಿರಲಿಲ್ಲ.

ದೊಡ್ಡಪ್ಪ ಕೋಲೂರಿಕೊಂಡು ಬಂದು ನೋಡಿದ. ಸಿಟ್ಟು ಮಾಡಲಿಲ್ಲ, ಅದಕ್ಕೇ ನನಗೆ ಹೆಚ್ಚು ಭಯವಾಯಿತು. "ಆತು ಬಿಡು. ನಾಳಿ ಹೊತ್ತು ಮುಳುಗಿದ ಮ್ಯಾಲ ಮಾಡೂನು," ಎಂದಷ್ಟೇ ಹೇಳಿದ.

ಮದುಮಗಳನ್ನು ಎದುರುಮನೆಯಲ್ಲಿ ಇಳಿಸಿದ್ದರು. ಹೋಗಿ ಹೇಳಿದೆ. ಆಕೆಯ ಕೈಗೆ ಆಗತಾನೆ ಅರಿಶಿನ ಹಚ್ಚಿದ್ದರು. ಮೊದಲು ಗಟ್ಟಿಯಾಗಿ ನಕ್ಕಳು.

"ಎಲ್ಲಾ ಸುಟ್ಟು ಸೊಟ್ಟ ಆಗಲಿ, ಅವ ಒಬ್ಬ ನೆಟ್ಟಗ ಉಳೀತಾನ ನೋಡ್ರಿ."

ಆಮೇಲೆ ನಗು ನಿಂತಿತು. ಕೈ ನೋಡಿಕೊಳ್ಳುತ್ತ ಕೂತಳು. "ಒಳಗಿನ ಖೋಲಿ ನೋಡಿ ಬಂದೀನಿ ಅಣ್ಣಾ," ಎಂದಳು ಮೆಲ್ಲಗೆ. "ಕಿಡಕೀನ ಇಲ್ಲ ಅದಕ್ಕ."

ನಾನು ಅಲ್ಲಿ ಕೂಡದೆ ಬೇವಿನ ಕೆಳಗೆ ವಾಪಸು ಬಂದೆ.

ಸೊಟ್ಟಾದ ಪ್ಲೇಟನ್ನು ನೆಟ್ಟಗೆ ಮಾಡುವ ಉಪಾಯ ನನಗೆ ಗೊತ್ತಿತ್ತು. ಎರಡು ಸಮಪಾತಳಿಯ ಗಾಜಿನ ನಡುವೆ ಅದನ್ನಿಟ್ಟು ಬಿಸಿಲಿಗೆ ಹಿಡಿದರೆ ಅರಗು ಮೆತ್ತಗಾಗಿ ತಾನೇ ಕೂಡುತ್ತದೆ. ಬಿಸಿಲಿಗೆ ದೇವದುರ್ಗದಲ್ಲಿ ಬರವಿಲ್ಲ. ಗಾಜು? ಬೀಗರೆಲ್ಲ ಹುಡುಕಾಡಿ ಅಂಗೈಯಗಲದ ಕನ್ನಡಿ ತಂದುಕೊಟ್ಟರು. ಫರಸಿ ಕಲ್ಲು ನೋಡಿದೆ, ಕೈಯಾಡಿಸಿದರೆ ತರಿತರಿ. ಅದರ ಮೇಲಿಟ್ಟರೆ ಪ್ಲೇಟಿನ ಗೆರೆಗಳೆಲ್ಲ ಅಳಿಸಿಹೋಗುತ್ತವೆ.

ಡ್ರೈವರ್ ಹತ್ತಿರ ಬಂದ. "ಎಷ್ಟು ದೊಡ್ಡ ಗಾಜು?" ಎಂದ. ಕೈಯಗಲಿಸಿ ತೋರಿಸಿದೆ. ಅವನು ಎದ್ದು ಹೋಗಿ ಬಸ್ಸಿನ ಎದುರಿಗೆ ನಿಂತು, ಮುಂದಿನ ಗಾಜನ್ನು ಸ್ವಲ್ಪ ಹೊತ್ತು ನೋಡಿದ. ಆ ಕಾಲದ ಬಸ್ಸುಗಳ ಮುಂದೆ ನಟ್ಟನಡುವೆ ಒಂದು ಪಟ್ಟಿ, ಅದರ ಆಚೆ ಈಚೆ ಎರಡು ಚಪ್ಪಟೆ ಗಾಜು ಇರುತ್ತಿದ್ದವು.

"ಎರಡು ಅದಾವ," ಎಂದ. "ಬಿಚ್ಚೂನು."

"ಸಾಹುಕಾರ ಏನಂತಾನ? ಒಡದ್ರ?" ಎಂದೆ.

"ಒಡದ್ರ ಮಾರಿಗೆ ಗಾಳಿ ಬಡೀತದ. ಅಷ್ಟ."

ತುಕ್ಕು ಹಿಡಿದ ಸ್ಕ್ರೂಗಳಿಗೆ ಸೀಮೆಎಣ್ಣೆ ಬಿಟ್ಟು, ಪಾನಾದಿಂದ ತಟ್ಟಿ, ಮೆಲ್ಲಗೆ ತಿರುವಿ, ಎರಡೂ ಗಾಜನ್ನು ಕೂಸನ್ನು ಎತ್ತಿದ ಹಾಗೆ ಎತ್ತಿ ತಂದೆವು. ಬೂದಿಯಿಂದ ತಿಕ್ಕಿ, ತೊಳೆದು, ಹಳೆಯ ಧೋತರದಿಂದ ಒಂದು ಕಣ ಧೂಳಿಲ್ಲದಂತೆ ಒರೆಸಿದೆವು. ಫರಸಿಯ ಮೇಲೆ ಒಂದು ಗಾಜು, ಅದರ ಮೇಲೆ ಪ್ಲೇಟು, ಪ್ಲೇಟಿನ ಮೇಲೆ ಇನ್ನೊಂದು ಗಾಜು. ಸನಾದಿಯ ಮೇಲೆ ಮೊದಲೇ ಕೈಯಿಡುವ ಧೈರ್ಯ ಬರಲಿಲ್ಲ, ಭಜನೆಯಿಂದ ಸುರುಮಾಡಿದೆ.

ಭಜನೆ ಚಂದ ಮೆತ್ತಗಾಗಿ ಕೂತಿತು. ನಾನು ಅವಸರಪಟ್ಟು ಬಿಸಿಲಲ್ಲೇ ಗಾಜು ಎತ್ತಿದೆ. ಅದು ಮತ್ತೆ ಸುರುಳಿಯಾಗಿ, ಮೊದಲಿಗಿಂತ ಕೆಟ್ಟುಹೋಯಿತು. ಸಾರಂಗಿಯನ್ನು ಗಾಜಿನ ಸಮೇತ ನೆರಳಿಗೆ ತಂದೆವು. ನಾನು ಆ ಕಡೆ ತಿರುಗಿದ್ದೇ ತಡ, ಡ್ರೈವರ್ ಬೇಗ ಆರಲಿ ಎಂದು, ರೇಡಿಯೇಟರಿಗೆ ಹಾಕಿದ ಹಾಗೆ ಒಂದು ಚರಿಗೆ ನೀರು ಸುರಿದುಬಿಟ್ಟ. ಟಪ್ಪೆಂದಿತು. ದೇವರ ದಯೆ, ಗಾಜು ಉಳಿಯಿತು, ಸಾರಂಗಿ ಎರಡು ಹೋಳಾಯಿತು. ಅವನು ಹೋಳುಗಳನ್ನು ಜೋಡಿಸಿ ಹಿಡಿದು ನನ್ನ ಮುಖ ನೋಡಿದ ರೀತಿಗೆ ಬಯ್ಯುವ ಮನಸ್ಸೂ ಬರಲಿಲ್ಲ. ಮೂರನೆಯದು ಬಿಸಿಲಲ್ಲಿ ಹೆಚ್ಚು ಹೊತ್ತು ಉಳಿದು, ಗೆರೆಗಳೆಲ್ಲ ಕರಗಿ ಕನ್ನಡಿಯಂತಾಯಿತು. ನಾಲ್ಕನೆಯದು ಕೈಗೆತ್ತಿಕೊಳ್ಳುವಾಗಲೇ ಅಂಚು ಮುರಿಯಿತು. ಇನ್ನು ಸನಾದಿಯೊಂದೇ ಉಳಿದಿತ್ತು, ಬಿಸಿಲೂ ಬಾಗತೊಡಗಿತ್ತು.

ಅಷ್ಟರಲ್ಲಿ ಮದುಮಗಳು ಅರಿಶಿನದ ಕೈಯಲ್ಲೇ ರಸ್ತೆ ದಾಟಿ ಬಂದಳು. ಹಿಂದಿನಿಂದ ಹೆಂಗಸರು ಕೂಗುತ್ತಿದ್ದರು. ಅರಿಶಿನ ಹಚ್ಚಿದವಳು ಬಿಸಿಲಿಗೆ ಬರಬಾರದಂತೆ.

"ಬರಬಾರದ್ದಕ್ಕೆಲ್ಲಾ ಬಂದು ಆಗ್ಯದ, ಸರೀರಿ," ಎಂದು ಗಾಜಿನ ಹತ್ತಿರ ಕುಕ್ಕರಿಸಿದಳು. ಹಂಚಿನ ಕಾವು ನೋಡುವಂತೆ ಮುಂಗೈಯನ್ನು ಗಾಜಿನ ಮೇಲೆ ಹಿಡಿದಳು. ಎದುರಿಗೆ ಡ್ರೈವರ್ ಕುಕ್ಕರಿಸಿದ್ದ. ಇಬ್ಬರೂ ಒಬ್ಬರನ್ನೊಬ್ಬರು ನೋಡದೆ ಪ್ಲೇಟನ್ನೇ ನೋಡುತ್ತಿದ್ದರು. ಉಬ್ಬು ಇಳಿಯಿತು. ಅಂಚು ಇಳಿಯಿತು. "ಈಗ," ಎಂದಳು. ಗಾಜು ಬಿಡಿಸದೆ ಮೂವರೂ ಹಿಡಿದು ನೆರಳಿಗೆ ಒಯ್ದೆವು. ಎದುರುಮನೆಯಿಂದ ಎಲ್ಲ ನೋಡಿದ್ದ ಆಕೆ ಡ್ರೈವರನ ಕೈಗೆಟುಕದಂತೆ ನೀರಿನ ಚರಿಗೆಯನ್ನು ದೂರ ಸರಿಸಿದಳು. ಅವನು ನಕ್ಕದ್ದನ್ನು ನಾನು ಅಂದೇ ಮೊದಲು ಕಂಡೆ.

ಪ್ಲೇಟು ಪೂರ್ತಿ ಆರಿದ ಮೇಲೆ ಮಶೀನಿಗೆ ಹಚ್ಚಿದೆ. ಒಂದು ಕಡೆ ಸಣ್ಣ ಉಬ್ಬು ಉಳಿದಿತ್ತು. ಅಲ್ಲಿ ಬಂದಾಗಲೆಲ್ಲ ಮುಳ್ಳು ಜಿಗಿಯುತ್ತಿತ್ತು, ದನಿ ಸ್ವಲ್ಪ ಓಲಾಡುತ್ತಿತ್ತು. ಆದರೂ ಅದು ಸನಾದಿ. ಅಂಗಳದಲ್ಲಿದ್ದವರೆಲ್ಲ ಹೋ ಎಂದರು. ದೊಡ್ಡಪ್ಪ ಮಾತ್ರ ಕೋಲೆತ್ತಿದ.

"ಇದು ಸನಾದಿ ಅಲ್ಲೇನು? ಉಡಿಕಿಗೆ ಸನಾದಿ ಇಲ್ಲ ಅಂತ ಮೊದಲಽ ಹೇಳೀನಿ."

ಇದು ನನಗೆ ಹೊಳೆದೇ ಇರಲಿಲ್ಲ! ಐದು ಪ್ಲೇಟಿನಲ್ಲಿ ಉಳಿದದ್ದು ಒಂದು, ಅದೂ ಉಡಿಕೆಗೆ ಸಲ್ಲದ ವಾದ್ಯ. ಮದುಮಗಳು ಎದ್ದು ನಿಂತು, "ಹಂಗಾದ್ರ ಊದಾಂವನ್ನ ಹಿಡಿದು ಹೊರಗ ಹಾಕ್ರಿ ಮಾವಾರ," ಎಂದಳು.

ದೊಡ್ಡಪ್ಪ ಭೋಂಗಾದ ಮುಂದೆ ನೋಡಿದ, ಹಿಂದೆ ಹೋಗಿ ನೋಡಿದ. ಆಂಪ್ಲಿಫೈಯರಿನ ಡಬ್ಬಿಯನ್ನು ಕೋಲಿನಿಂದ ತಟ್ಟಿದ. ಮುದುಕನ ಮೀಸೆಯಡಿ ಏನೋ ಅಲುಗಾಡಿತು.

"ಊದಾವ ಇಲ್ಲಂದ್ರ ವಾಲಗ ಹೆಂಗ ಆಗ್ತದ? ಆಗಂಗಿಲ್ಲ. ಹಚ್ಚು."

ಮರುದಿನ ಬೆಳಿಗ್ಗೆ ಬೇವಿನ ಕೊಂಬೆಗೆ ಭೋಂಗಾ ಕಟ್ಟಿ, ಬ್ಯಾಟರಿಯ ತಂತಿ ಜೋಡಿಸಿದೆ. ದೊಡ್ಡಪ್ಪ ಹೊಸ ರುಮಾಲು ಸುತ್ತಿ ಬಂದವನು ಆ ಮುಂಬಯಿಯವನ ಹಾಡುಗಳ ಟ್ರಂಕು ಎಲ್ಲಿದೆ ಎಂದು ಕೇಳಿದ. ತೋರಿಸಿದೆ. ಅದನ್ನು ಹಂದರದ ನಡುವೆ ಎಳೆಸಿ, ಅದರ ಮೇಲೆ ಕಾಲು ಮಡಿಚಿ ಕೂತುಬಿಟ್ಟ. ಕೋಲನ್ನು ತೊಡೆಯ ಮೇಲೆ ಅಡ್ಡ ಇಟ್ಟುಕೊಂಡ.

ಅಮೀನ ಸಾಹೇಬರು ಅತ್ತರು ಪೂಸಿಕೊಂಡು ಬಂದರು. ಕುರ್ಚಿ ಹಾಕಿದೆವು. "ಹಾಂ ಭಾಯಿ, ಸುರು ಮಾಡು," ಎಂದರು.

"ಮಶೀನು ಕಾಯಬೇಕ್ರಿ ಸಾಹೇಬ್ರ," ಎಂದೆ. ವಾಲ್ವುಗಳು ಕೆಂಪಗಾಗಲು ಹೊತ್ತು ಬೇಕು ಎನ್ನುವುದು ನಿಜವೇ. ಅವತ್ತು ನಾನು ಅವನ್ನು ಬಹಳ ಚೆನ್ನಾಗಿ ಕಾಯಿಸಿದೆ. ಆಮೇಲೆ ಸನಾದಿ ಹಚ್ಚಿದೆ. ಅದು ಮುಗಿಯಿತು, ಮತ್ತೊಂದು ಬದಿ ಹಚ್ಚಿದೆ, ತಿರುಗಿ ಮೊದಲಿನ ಬದಿಗೆ ಬಂದೆ.

"ಸನಾದಿ ಚಂದ ಅದ. ಗಾನಾ ಎಲ್ಲಿ?" ಎಂದರು ಸಾಹೇಬರು.

"ಗಾನಾದ ಪೆಟ್ಟಿಗಿ ಮ್ಯಾಲ ಹಿರೇರು ಕುಂತಾರ್ರಿ."

ಸಾಹೇಬರು ದೊಡ್ಡಪ್ಪನನ್ನು ನೋಡಿದರು. ದೊಡ್ಡಪ್ಪ ಸಾಹೇಬರನ್ನು ನೋಡಿದ. ಠಾಣೆಯ ಅಮೀನರನ್ನು ದಿಟ್ಟಿಸಿ ನೋಡುವವರು ಆ ಊರಲ್ಲಿ ಯಾರೂ ಇರಲಿಲ್ಲ. ಕೊನೆಗೆ ಸಾಹೇಬರೇ ಕೈಯಾಡಿಸಿದರು. "ಬುಜುರ್ಗ್, ಹಿರೇ ಮನಿಶ್ಯಾ. ಕುಂದರ್ಲಿ. ಎದ್ದಾಗ ಕೇಳೂನು."

ಲಗ್ನ ಮಾಡಿಸುವ ಅಯ್ಯನವರು ತಾಳಿಯನ್ನು ಎಲ್ಲರಿಂದ ಮುಟ್ಟಿಸಿಕೊಂಡು ಬರಲು ಹೇಳಿದಾಗ ನಾನು ಹೊಸ ಮುಳ್ಳು ಹಾಕಿ, ಚಾವಿ ಪೂರ್ತಿ ತಿರುವಿ, ಸನಾದಿಯನ್ನು ಮೊದಲಿನಿಂದ ಬಿಟ್ಟೆ. ಆ ಉಬ್ಬು ನನಗೆ ಗೊತ್ತಿತ್ತು. ತಾಳಿ ಕಟ್ಟುವ ಹೊತ್ತಿಗೆ ಮುಳ್ಳು ಜಿಗಿದರೆ ಸಾಕು, ಅಪಶಕುನ ಎನ್ನಲು ನಾಲ್ಕು ಬಾಯಿ ಕಾಯುತ್ತಿರುತ್ತವೆ. ಹಾಗಾಗಿ ಬೆರಳ ತುದಿಯನ್ನು ಮುಳ್ಳು ಹಿಡಿದ ಪಿಕಪ್ಪಿನ ತಲೆಯ ಮೇಲೆ ಇಟ್ಟೆ. ಒತ್ತಿದರೆ ಪ್ಲೇಟು ನಿಧಾನವಾಗುತ್ತದೆ, ಬಿಟ್ಟರೆ ಜಿಗಿಯುತ್ತದೆ. ಉಬ್ಬು ಬಂದಾಗ ಬೆರಳೂ ಏರಬೇಕು, ಅದು ಇಳಿದಾಗ ಇಳಿಯಬೇಕು. ಪ್ಲೇಟು ಮುಗಿಯುವತನಕ ನಾನು ಹಂದರದ ಕಡೆ ನೋಡದೆ ಆ ಬೆರಳನ್ನೇ ನೋಡುತ್ತಿದ್ದೆ.

ಒಂದೇ ಒಂದು ಸಲ ಕಣ್ಣೆತ್ತಿದೆ. ಅಕ್ಷತೆ ಬೀಳುತ್ತಿತ್ತು. ಡ್ರೈವರನ ಕೈ ಆಕೆಯ ಕುತ್ತಿಗೆಯ ಹಿಂದೆ ಗಂಟು ಹಾಕುತ್ತಿತ್ತು. ಆಕೆ ತಲೆ ತಗ್ಗಿಸಿರಲಿಲ್ಲ. ಮುಖ ಮೇಲೆತ್ತಿ, ಬೇವಿನ ಮರದಲ್ಲಿದ್ದ ಭೋಂಗಾವನ್ನು ನೋಡುತ್ತ, ಬಾಯಿ ಅರ್ಧ ತೆರೆದು ಕೇಳುತ್ತಿದ್ದಳು. ನನಗೆ ಕಣ್ಣು ಮಂಜಾಯಿತು. ಬೆರಳು ಮಾತ್ರ ತಪ್ಪಲಿಲ್ಲ.

ಪ್ಲೇಟು ಮುಗಿದು, ಜನ ಊಟದ ಪಂಕ್ತಿಗೆ ಕೂತರು. ನಾನು ಕೈ ಜಾಡಿಸಿಕೊಳ್ಳುತ್ತಿದ್ದಾಗ ಮದುಮಗಳು ಎದ್ದಳು. ಸೆರಗಿಗೆ ಗಂಟು ಹಾಕಿದ್ದರಿಂದ ಡ್ರೈವರನೂ ಏಳಬೇಕಾಯಿತು. ಅವನನ್ನು ಎಳೆದುಕೊಂಡು ಟ್ರಂಕಿನ ಹತ್ತಿರ ಬಂದು ದೊಡ್ಡಪ್ಪನ ಕಾಲಿಗೆ ಬಿದ್ದಳು.

"ಮಾವಾರ, ಇನ್ನ ಏಳ್ರಿ."

"ಯಾಕವಾ?"

"ಪೆಟ್ಟಿಗಿ ತಗೀಬೇಕು. ಅಮೀನ ಸಾಹೇಬ್ರು ಹಾಡಿಗೆ ಬಂದಾರ."

"ಇದರಾಗ ಅವನ ದನಿ ಅದ. ನೀನಽ ಬ್ಯಾಡ ಅಂದಿದ್ದಿ."

"ಮುಂಜಾನಿತನಾ ಅವ ನನ್ನ ಮೊದಲ ಗಂಡ ಇದ್ದ, ಬ್ಯಾಡಾಗಿತ್ತು. ಈಗ ಬರೇ ಹಾಡಾವ. ನನ್ನ ಕೂಡ ಇದ್ದಾಗ ಒಂದು ಕೊಡ ನೀರು ತರಲಿಲ್ಲ ಪುಣ್ಯಾತ್ಮ. ಇವತ್ತು ನನ್ನ ಲಗ್ನದಾಗ ಉಣ್ಣೋ ಮಂದಿಗೆ ಒಂದೀಟು ದುಡೀಲಿ."

ದೊಡ್ಡಪ್ಪ ಎಷ್ಟು ಜೋರಾಗಿ ನಕ್ಕನೆಂದರೆ ಕೋಲು ಉರುಳಿತು. ಸೊಂಟ ಹಿಡಿದುಕೊಂಡು ಎದ್ದು, "ಕುಂತು ಕುಂತು ನನಗೂ ಸಾಕಾಗಿತ್ತು," ಎಂದ.

ಮೇಲಿನ ಪ್ಲೇಟು ತೆಗೆದು ಹಚ್ಚಿದೆ. ಅವನ ದನಿ ಬೇವಿನ ಮೇಲಿಂದ ಅಂಗಳದ ತುಂಬ ಇಳಿಯಿತು. ಸುಳ್ಳೇಕೆ ಹೇಳಲಿ, ಒಳ್ಳೆಯ ದನಿ. ಅಮೀನ ಸಾಹೇಬರು ಕಣ್ಣು ಮುಚ್ಚಿ ತಲೆದೂಗಿದರು. ಬಡಿಸುವವರ ಕಾಲಿಗೆ ಚುರುಕು ಬಂತು. ಮದುಮಕ್ಕಳು ಎಲ್ಲರ ನಡುವೆ ಒಂದೇ ಪರಾತದಲ್ಲಿ ಉಣ್ಣುತ್ತಿದ್ದರು. ಹಾಡು ಏರಿದ ಹೊತ್ತಿನಲ್ಲಿ, ಊರೆಲ್ಲ ಕಿವಿಯಾಗಿದ್ದಾಗ, ಡ್ರೈವರ್ ಒಂದು ತುತ್ತು ಅಗಿದು ಹೇಳಿದ್ದು ನನಗೆ ಕೇಳಿಸಿತು.

"ಪಲ್ಯಾಕ ಉಪ್ಪು ಕಡಿಮಿ ಅದ."

ಆಕೆಗೆ ನಕ್ಕು ನಕ್ಕು ನೆತ್ತಿಗೇರಿತು. ಡ್ರೈವರ್ ಬೆನ್ನು ತಟ್ಟಿ ನೀರು ಕುಡಿಸಿದ. ಹಾಡು ಮುಗಿದು ಮುಳ್ಳು ಬರೀ ಗರಗರ ಸುತ್ತತೊಡಗಿತು. ಪಂಕ್ತಿಯಲ್ಲಿದ್ದವರು ಒಬ್ಬೊಬ್ಬರಾಗಿ ತಿರುಗಿ ಆಕೆಯನ್ನು ನೋಡಿದರು. ಈ ಸಲ ಅವಳ ಮುಖದಲ್ಲಿ ಏನು ಹುಡುಕುತ್ತಿದ್ದರೋ ಏನೋ. ಆಕೆ ಬಾಯಿತುಂಬ ಹೋಳಿಗೆ ಇಟ್ಟುಕೊಂಡು, ಹೊಸ ಬಳೆಯ ಕೈಯೆತ್ತಿ ನನ್ನ ಕಡೆ ಬೀಸಿದಳು.

"ಯಾಕ ನಿಂತೀರಿ ಅಣ್ಣಾ? ಆ ಮಗ್ಗಲಾನೂ ಹಚ್ಚ್ರಿ. ಮಂದಿ ಇನ್ನಾ ಉಣ್ಣಾಕತ್ತಾರ."